ಸ್ಲೈಡ್ ಬರಲಿಲ್ಲ, ಹಾಗಾಗಿ ಮಲೇರಿಯಾ ಇಳಿಯಿತು!

ಸಂಪಾದಕರೇ, ನಮಸ್ಕಾರ.

ಮುಂದಿನ ಮಹಾಮಾರಿಗೆ ಹೇಗೆ ತಯಾರಾಗಬೇಕು ಎಂಬ ಲೇಖನವನ್ನು ನಿಮ್ಮ ಪತ್ರಿಕೆಯಲ್ಲಿ ಓದಿದೆ. ಆಕ್ಸಿಜನ್, ಹಾಸಿಗೆ, ವೆಂಟಿಲೇಟರ್, ಲಸಿಕೆ ಎಲ್ಲಾ ಇತ್ತು. ಚೆನ್ನಾಗೇ ಬರೆದಿದ್ದಾರೆ. ಆದರೆ ಮಲೇರಿಯಾ ಅನ್ನುವ ಪದ ಇಡೀ ಲೇಖನದಲ್ಲಿ ಒಂದೇ ಕಡೆ ಬಂತು. ಅದೂ ಹೇಗೆ? ಕೋವಿಡ್ ಕಾಲದಲ್ಲಿ ಮಲೇರಿಯಾ ಸಾವು ಎರಡು ಪಟ್ಟು ಆಗುತ್ತದೆ ಅಂತ ಹೆದರಿಸಿದ್ದರು, ಹಾಗೇನೂ ಆಗಲಿಲ್ಲ ಎಂದು ಒಂದು ಸಾಲು ಬರೆದು ಲೇಖಕರು ಮುಂದೆ ಹೋಗಿಬಿಟ್ಟರು. ಆ ಒಂದು ಸಾಲಿಗೆ ಈ ಪತ್ರ. ಉದ್ದ ಆಗುತ್ತದೆ, ಮೊದಲೇ ಹೇಳಿಬಿಡುತ್ತೇನೆ. ಮಧ್ಯೆ ಎಲ್ಲಿ ಬೇಕಾದರೂ ಕತ್ತರಿ ಹಾಕಿ, ಬೇಜಾರಿಲ್ಲ.

ನಾನು ಲ್ಯಾಬ್ ಟೆಕ್ನೀಶಿಯನ್ ಆಗಿದ್ದವನು, ಈಗ ನಿವೃತ್ತ. ವರ್ಷಗಟ್ಟಲೆ ನೋಡಿದ್ದು ರಕ್ತದ ಸ್ಲೈಡ್. ಬೆರಳ ತುದಿ ಚುಚ್ಚಿ ಒಂದು ಹನಿ ರಕ್ತವನ್ನು ಗಾಜಿನ ಮೇಲೆ ಹರಡಿ, ಒಣಗಿಸಿ, ಗೀಮ್ಸಾ ಬಣ್ಣ ಹಾಕಿ, ತೊಳೆದು, ಮೇಲೆ ಒಂದು ತೊಟ್ಟು ಎಣ್ಣೆ ಬಿಟ್ಟು ಲೆನ್ಸ್ ಇಳಿಸಬೇಕು. ಫಾಲ್ಸಿಪಾರಂ ಜಾತಿಯ ಪರಾವಲಂಬಿ ಇದ್ದರೆ ಸಣ್ಣ ನೀಲಿ ಉಂಗುರ ಕಾಣುತ್ತದೆ, ಅದರ ಅಂಚಿನಲ್ಲಿ ಒಂದು ಕೆಂಪು ಚುಕ್ಕಿ. ಹರಳು ಕೂರಿಸಿದ ಉಂಗುರ ಇದ್ದ ಹಾಗೇ ಇರುತ್ತದೆ. ಮೊದಲ ನೋಟಕ್ಕೆ ಸಿಕ್ಕರೆ ಪುಣ್ಯ. ಸಿಗದಿದ್ದರೆ ಸ್ಲೈಡನ್ನು ಸ್ವಲ್ಪ ಸ್ವಲ್ಪವೇ ಸರಿಸುತ್ತಾ ನೋಡುತ್ತಾ ಹೋಗಬೇಕು. ಕನಿಷ್ಠ ನೂರು ಫೀಲ್ಡ್ (ಲೆನ್ಸಿನಲ್ಲಿ ಒಂದು ಸಲಕ್ಕೆ ಕಾಣುವಷ್ಟು ಜಾಗ) ನೋಡದೆ ‘ಇಲ್ಲ’ ಅಂತ ಬರೆಯುವ ಹಾಗಿಲ್ಲ. ಕೆಲಸ ಕಲಿಸಿದವರು ತಲೆಗೆ ತುಂಬಿದ್ದು ಇದೊಂದೇ: ಕಾಣಲಿಲ್ಲ ಅನ್ನುವುದು ಬೇರೆ, ಇಲ್ಲ ಅನ್ನುವುದು ಬೇರೆ.

2020ರಲ್ಲಿ ನಮ್ಮನ್ನೆಲ್ಲ ಸ್ವಾಬ್ ಕೆಲಸಕ್ಕೆ ಹಾಕಿದರು. ತಪ್ಪು ಅಂತ ಹೇಳುತ್ತಿಲ್ಲ, ಆ ಹೊತ್ತಿಗೆ ಅದು ಬೇಕಿತ್ತು. ಮೈಕ್ರೋಸ್ಕೋಪಿಗೆ ಕವರ್ ಹಾಕಿದೆವು. ಸ್ಲೈಡ್ ಬರುವುದೂ ಕಡಿಮೆಯಾಯಿತು, ಯಾಕೆಂದರೆ ಮನೆಮನೆಗೆ ಹೋಗಿ ಜ್ವರ ಬಂದವರ ಬೆರಳು ಚುಚ್ಚುತ್ತಿದ್ದ ಕಾರ್ಯಕರ್ತರು ಈಗ ಕ್ವಾರಂಟೈನ್ ಆದವರ ಮನೆ ಬಾಗಿಲಿಗೆ ಚೀಟಿ ಅಂಟಿಸುತ್ತಿದ್ದರು. ತಿಂಗಳ ಕೊನೆಗೆ ರಿಜಿಸ್ಟರ್ ನೋಡಿದರೆ ಪಾಸಿಟಿವ್ ಸಂಖ್ಯೆ ಪಾತಾಳಕ್ಕೆ ಇಳಿದಿತ್ತು. ಮೇಲಿನಿಂದ ಫೋನ್ ಮಾಡಿದ ಅಧಿಕಾರಿಯೊಬ್ಬರು, ‘ಲಾಕ್‌ಡೌನ್‌ನಿಂದ ಮಲೇರಿಯಾನೂ ಕಂಟ್ರೋಲಿಗೆ ಬಂತಲ್ಲ, ಒಳ್ಳೇದಾಯ್ತು ಬಿಡಿ’ ಅಂದರು. ನಾನು ‘ಹೌದು ಸಾರ್’ ಅಂದೆ. ಅವತ್ತು ಹೌದು ಅಂದಿದ್ದು ಇವತ್ತಿಗೂ ಚುಚ್ಚುತ್ತದೆ. ಸೊಳ್ಳೆಗೆ ಯಾರು ಲಾಕ್‌ಡೌನ್ ಹಾಕಿದ್ದರು? ಮಲೇರಿಯಾ ಹರಡುವ ಅನಾಫಿಲಿಸ್ ಸೊಳ್ಳೆ ಕಚ್ಚುವುದೇ ರಾತ್ರಿ, ಜನ ಮನೆಯೊಳಗೆ ಮಲಗಿರುವಾಗ. ಎಲ್ಲರೂ ಮನೆಯಲ್ಲೇ ಇರಿ ಅಂದರೆ ಅದಕ್ಕೇನು ನಷ್ಟ?

ಇದು ನನ್ನೊಬ್ಬನ ರಿಜಿಸ್ಟರಿನ ಕಥೆ ಮಾತ್ರ ಆಗಿದ್ದರೆ ಪತ್ರ ಬರೆಯುತ್ತಿರಲಿಲ್ಲ. ಕೋವಿಡ್‌ಗೂ ಮೊದಲು, 2014ರಲ್ಲಿ, ಪಶ್ಚಿಮ ಆಫ್ರಿಕಾದ ಗಿನಿ, ಲೈಬೀರಿಯಾ, ಸಿಯೆರಾ ಲಿಯೋನ್ ದೇಶಗಳಲ್ಲಿ ಎಬೋಲಾ ಹಬ್ಬಿತ್ತಲ್ಲ, ಅಲ್ಲಿ ಇದೇ ನಡೆದಿತ್ತು. ಗಿನಿಯ ಆರೋಗ್ಯ ಕೇಂದ್ರಗಳಲ್ಲಿ ಆ ವರ್ಷ ಕಂಡ ಮಲೇರಿಯಾ ರೋಗಿಗಳ ಸಂಖ್ಯೆ, ಇರಬೇಕಾದ ಲೆಕ್ಕಕ್ಕಿಂತ ಸುಮಾರು 74 ಸಾವಿರ ಕಡಿಮೆ ಇತ್ತು. ಅಷ್ಟು ಜನಕ್ಕೆ ಮಲೇರಿಯಾ ಬರಲಿಲ್ಲ ಅಂತಲ್ಲ. ಬಂತು, ಆದರೆ ಅವರು ಆಸ್ಪತ್ರೆಗೆ ಬರಲಿಲ್ಲ. ಜ್ವರ, ತಲೆನೋವು, ಮೈಕೈ ನೋವು, ವಾಂತಿ. ಎಬೋಲಾ ಶುರುವಾಗುವುದೂ ಹೀಗೇ, ಮಲೇರಿಯಾ ಶುರುವಾಗುವುದೂ ಹೀಗೇ. ಮಲೇರಿಯಾ ಜ್ವರ ಅಂತ ಹೋದವರನ್ನು ಎಬೋಲಾ ವಾರ್ಡಿಗೆ ಹಾಕಿಬಿಟ್ಟರೆ? ಇಲ್ಲದ ರೋಗ ಅಲ್ಲೇ ಅಂಟಿದರೆ? ಆ ಭಯವನ್ನು ಮೂಢನಂಬಿಕೆ ಅಂತ ತಳ್ಳಿಹಾಕಲು ನನಗಂತೂ ಮನಸ್ಸಿಲ್ಲ. ಮಗುವಿನ ಮೈ ಸುಡುತ್ತಿದ್ದರೂ ತಾಯಿ ಮನೆಯಲ್ಲೇ ಇಟ್ಟುಕೊಂಡಳು ಅಂದರೆ ಅವಳ ಲೆಕ್ಕವೂ ಒಂದಿತ್ತು.

ಎಬೋಲಾದಿಂದ ಆ ಮೂರು ದೇಶಗಳಲ್ಲಿ ಸತ್ತವರು 11 ಸಾವಿರಕ್ಕೂ ಜಾಸ್ತಿ. 2014ರಲ್ಲಿ ಚಿಕಿತ್ಸೆ ಪೂರ್ತಿ ನಿಂತುಹೋಗಿದ್ದರೆ ಮಲೇರಿಯಾ ಒಂದರಿಂದಲೇ ಹೆಚ್ಚುವರಿಯಾಗಿ ಎಷ್ಟು ಜನ ಸಾಯುತ್ತಿದ್ದರು ಎಂದು ಸಂಶೋಧಕರು ಲೆಕ್ಕ ಹಾಕಿದರು. ಬಂದ ಉತ್ತರ ಸುಮಾರು 10,900. ಹೆಚ್ಚುಕಡಿಮೆ ಎಬೋಲಾದ ಸಂಖ್ಯೆಯ ಪಕ್ಕದಲ್ಲೇ ನಿಲ್ಲುವ ಸಂಖ್ಯೆ. ಒಂದರ ಹೆಸರು ಇಡೀ ಜಗತ್ತಿಗೆ ಗೊತ್ತಾಯಿತು. ಇನ್ನೊಂದನ್ನು ಯಾರು ಕೇಳಿದ್ದಾರೆ?

ಆದರೆ ಅಲ್ಲಿ ಒಂದು ಜಾಣತನವೂ ನಡೆಯಿತು. ಬೆರಳು ಚುಚ್ಚುವುದೇ ಅಪಾಯ ಎಂಬ ಪರಿಸ್ಥಿತಿ ಇತ್ತು. ಎಬೋಲಾ ರಕ್ತದಿಂದಲೂ ಹರಡುತ್ತದೆ, ಸಾಕಷ್ಟು ರಕ್ಷಣೆಯ ಉಡುಪು ಇರಲಿಲ್ಲ. ಹಾಗಾಗಿ ವಿಶ್ವ ಆರೋಗ್ಯ ಸಂಸ್ಥೆ, ರಕ್ಷಣೆ ಇಲ್ಲದ ಕಡೆ ಪರೀಕ್ಷೆ ಬಿಟ್ಟುಬಿಡಿ, ಜ್ವರ ಇದ್ದವರಿಗೆ ಮಲೇರಿಯಾ ಔಷಧಿ ಕೊಟ್ಟುಬಿಡಿ ಅಂತ ಹೇಳಿತು. ಸಿಯೆರಾ ಲಿಯೋನ್‌ನಲ್ಲಿ 2014ರ ಡಿಸೆಂಬರ್‌ನಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಜ್ವರ ಇರಲಿ ಇಲ್ಲದಿರಲಿ, ಸುಮಾರು 25 ಲಕ್ಷ ಜನಕ್ಕೆ ಮನೆ ಬಾಗಿಲಲ್ಲೇ ಮಾತ್ರೆ ಹಂಚುವ ಕೆಲಸಕ್ಕೆ ಕೈ ಹಾಕಿದರು. ಮಲೇರಿಯಾ ಜ್ವರ ಕಡಿಮೆ ಆದರೆ ಎಬೋಲಾ ಕೇಂದ್ರದ ಮುಂದೆ ನಿಲ್ಲುವವರೂ ಕಡಿಮೆ ಆಗುತ್ತಾರೆ ಎಂಬ ಲೆಕ್ಕಾಚಾರ. ಸಾಮಾನ್ಯ ದಿನಗಳಲ್ಲಿ ಯಾರೂ ಒಪ್ಪದ ಕ್ರಮ ಇದು. ಪರೀಕ್ಷೆ ಮಾಡದೆ ಔಷಧಿ ಕೊಡಬೇಡಿ ಎಂದು ವರ್ಷಗಟ್ಟಲೆ ಪಾಠ ಹೇಳಿಸಿಕೊಂಡ ನನ್ನಂಥವರಿಗಂತೂ ಮುಳ್ಳು ನುಂಗಿದ ಹಾಗೆ. ಆದರೂ ಸರಿ ಅನ್ನಿಸುತ್ತದೆ.

ಈಗ ಕೋವಿಡ್‌ಗೆ ಬರೋಣ. 2020ರ ಮಾರ್ಚ್ 11ರಂದು ಅದನ್ನು ಮಹಾಮಾರಿ ಅಂತ ಘೋಷಿಸಿದರು. ಹೆಚ್ಚುಕಡಿಮೆ ಎಲ್ಲ ದೇಶಗಳಲ್ಲೂ ಜನಕ್ಕೆ ಹೇಳಿದ ಮೊದಲ ಮಾತು: ಸಣ್ಣ ಜ್ವರ ಬಂದರೆ ಮನೆಯಲ್ಲೇ ಇರಿ, ಆಸ್ಪತ್ರೆಗೆ ಬರಬೇಡಿ, ಉಸಿರಾಡಲು ಕಷ್ಟ ಆದರೆ ಮಾತ್ರ ಬನ್ನಿ. ಕೋವಿಡ್ ಮಟ್ಟಿಗೆ ಈ ಮಾತು ಸರಿಯೇ. ಆದರೆ ಮಲೇರಿಯಾಕ್ಕೆ ನಾವು ಜನಕ್ಕೆ ಹೇಳಿಕೊಂಡು ಬಂದದ್ದು ಇದಕ್ಕೆ ನೇರ ಉಲ್ಟಾ! ಜ್ವರ ಬಂದ 24 ಗಂಟೆಯೊಳಗೆ ರಕ್ತ ಪರೀಕ್ಷೆ ಮಾಡಿಸಿ, ಮಲೇರಿಯಾ ಇದ್ದರೆ ಅವತ್ತೇ ಮಾತ್ರೆ ಶುರು ಮಾಡಿ. ಫಾಲ್ಸಿಪಾರಂ ಮಲೇರಿಯಾಕ್ಕೆ ತಾಳ್ಮೆ ಇಲ್ಲ. ಬೆಳಿಗ್ಗೆ ಬರೀ ಜ್ವರ ಅಂತ ಮಲಗಿದ ಮಗುವಿಗೆ ಮರುದಿನ ಬೆಳಿಗ್ಗೆ ಫಿಟ್ಸ್ ಬರಬಹುದು, ಪ್ರಜ್ಞೆ ತಪ್ಪಬಹುದು. ಉಸಿರಾಟದ ತೊಂದರೆ ಬರಲಿ ಅಂತ ಕಾದರೆ ಮುಗಿಯಿತು. ಆಫ್ರಿಕಾದಲ್ಲಿ ಮಲೇರಿಯಾದಿಂದ ಸಾಯುವವರಲ್ಲಿ ನೂರಕ್ಕೆ ಸುಮಾರು 80 ಮಂದಿ ಐದು ವರ್ಷದೊಳಗಿನ ಮಕ್ಕಳು. ಕೋವಿಡ್ ಅಷ್ಟಾಗಿ ಮುಟ್ಟದ ವಯಸ್ಸು ಅದು. ವಯಸ್ಸಾದವರನ್ನು ಕಾಪಾಡಲು ಹೇಳಿದ ಮಾತು ಎಳೆಮಕ್ಕಳಿಗೆ ಮುಳುವಾಯಿತು ಅಂದರೆ ಸ್ವಲ್ಪ ಒರಟಾಗಿ ಕೇಳಿಸಬಹುದು, ಇರಲಿ.

ವರ್ಷಗಟ್ಟಲೆ ಕಷ್ಟಪಟ್ಟು ಕಲಿಸಿದ ಒಂದು ಅಭ್ಯಾಸವನ್ನು ಎರಡು ವಾರದಲ್ಲಿ ಮರೆಸಿಬಿಟ್ಟೆವು. ಕೆಲವು ಕಡೆ ಆಮೇಲೆ ತಿದ್ದಿಕೊಂಡರು, ಜ್ವರ ಬಂದರೆ ಬನ್ನಿ, ಮಾಸ್ಕ್ ಹಾಕಿಕೊಂಡು ಬನ್ನಿ ಅಂದರು. ಅಷ್ಟು ಹೊತ್ತಿಗೆ ಜನರ ಮನಸ್ಸಿನಲ್ಲಿ ಮೊದಲಿನ ಮಾತು ಕೂತಾಗಿತ್ತು. ಜೊತೆಗೆ ಬಸ್ ಇಲ್ಲ, ಕೈಯಲ್ಲಿ ಕಾಸಿಲ್ಲ, ದಾರಿಯಲ್ಲಿ ಪೊಲೀಸರು.

ಇನ್ನು ಸೊಳ್ಳೆ ಪರದೆ. ಇದರ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕು, ಯಾಕೆಂದರೆ ಮಲೇರಿಯಾ ಕೆಲಸಕ್ಕೆ ಒಂದು ಕ್ಯಾಲೆಂಡರ್ ಇದೆ ಅನ್ನುವುದು ಹೊರಗಿನವರಿಗೆ ಗೊತ್ತೇ ಆಗುವುದಿಲ್ಲ. ಕೀಟನಾಶಕ ಸೇರಿಸಿದ ಪರದೆಯನ್ನು ಮೂರು ವರ್ಷಕ್ಕೊಮ್ಮೆ ಎಲ್ಲರಿಗೂ ಒಟ್ಟಿಗೆ ಹಂಚುತ್ತಾರೆ. ಮೂರು ವರ್ಷ ಆಗುವ ಹೊತ್ತಿಗೆ ಪರದೆ ಹರಿದು, ತೂತು ಬಿದ್ದು, ಔಷಧಿಯೂ ತೊಳೆದು ಹೋಗಿರುತ್ತದೆ. ಗೋಡೆಗೆ ಹೊಡೆಯುವ ಔಷಧಿ ಅದಕ್ಕಿಂತ ಬೇಗ ಸಾಯುತ್ತದೆ, ಮೂರರಿಂದ ಆರು ತಿಂಗಳು ಅಷ್ಟೇ. ಹಾಗಾಗಿ ಎರಡೂ ಕೆಲಸ ಮಳೆಗೆ ಮುಂಚೆ ಆಗಬೇಕು. ಮಳೆ ಬಿದ್ದ ಮೇಲೆ ನೀರು ನಿಲ್ಲುತ್ತದೆ, ಸೊಳ್ಳೆ ಏಳುತ್ತದೆ, ಕೆಲವೇ ವಾರದಲ್ಲಿ ಜ್ವರ ಶುರು. ಎರಡು ತಿಂಗಳು ಮುಂದಕ್ಕೆ ಹಾಕೋಣ ಅಂತ ಸಭೆಯಲ್ಲಿ ಸುಲಭವಾಗಿ ಹೇಳಿಬಿಡಬಹುದು, ಆದರೆ ಆ ಎರಡು ತಿಂಗಳು ಇಡೀ ವರ್ಷದ ಮಲೇರಿಯಾ ಋತು ಆಗಿರುತ್ತದೆ. ಎಷ್ಟೋ ದೇಶಗಳಲ್ಲಿ ಪರದೆ ಹಂಚಬೇಕಾದ ಸರದಿ 2020ಕ್ಕೇ ಬಂದಿತ್ತು. ಪರದೆಗಳು ಬಹುಪಾಲು ತಯಾರಾಗುವುದು ಏಷ್ಯಾದ ಕಾರ್ಖಾನೆಗಳಲ್ಲಿ. ಕಾರ್ಖಾನೆ ಬಂದ್, ಬಂದರು ಬಂದ್, ಹಡಗು ತಡ. ಆ ವರ್ಷ ಹಂಚಬೇಕು ಅಂತಿದ್ದ ಪರದೆಗಳಲ್ಲಿ ವರ್ಷದ ಕೊನೆಗೆ ಜನರ ಕೈ ಸೇರಿದ್ದು ಸುಮಾರು ಮುಕ್ಕಾಲು ಪಾಲು. ಉಳಿದ ಕಾಲು ಭಾಗ ಅಂದರೆ ಕೋಟಿಗಟ್ಟಲೆ ಪರದೆ. ಒಂದು ಪರದೆ ಕೆಳಗೆ ಇಬ್ಬರು ಮಲಗುತ್ತಾರೆ.

ಆದರೂ ಮುಕ್ಕಾಲು ಪಾಲು ತಲುಪಿತು, ಅದನ್ನು ಸಣ್ಣ ಮಾತು ಅನ್ನಬೇಡಿ. ಹಳೇ ಪದ್ಧತಿಯಲ್ಲಿ ಜನ ಒಂದು ಮೈದಾನಕ್ಕೋ ಶಾಲೆಗೋ ಬಂದು, ಸಾಲಲ್ಲಿ ನಿಂತು, ಚೀಟಿ ತೋರಿಸಿ ಪರದೆ ತೆಗೆದುಕೊಂಡು ಹೋಗುತ್ತಿದ್ದರು. 2020ರ ಏಪ್ರಿಲ್‌ನಲ್ಲಿ ಬೆನಿನ್ ದೇಶ ಆ ಸಾಲನ್ನೇ ತೆಗೆದುಹಾಕಿತು. ಕಾರ್ಯಕರ್ತರು ಪರದೆ ಹೊತ್ತುಕೊಂಡು ಮನೆಮನೆಗೇ ಹೋದರು. ಎಲ್ಲರೂ ಎಲ್ಲವನ್ನೂ ನಿಲ್ಲಿಸುತ್ತಿದ್ದ ತಿಂಗಳು ಅದು. ನಿಲ್ಲಿಸಿದ್ದರೆ ಯಾರೂ ಬೈಯುತ್ತಿರಲಿಲ್ಲ.

ಇನ್ನೊಂದು ಕೆಲಸ ಇದೆ, ಅದು ನನಗೆ ಬಹಳ ಇಷ್ಟ. ಸಹಾರಾ ಮರುಭೂಮಿಯ ಕೆಳಗಿನ ಅಂಚಿನಲ್ಲಿರುವ ಸಹೆಲ್ ಪ್ರದೇಶದಲ್ಲಿ ಮಳೆಗಾಲದ ನಾಲ್ಕು ತಿಂಗಳು ಪುಟ್ಟ ಮಕ್ಕಳಿಗೆ ತಿಂಗಳಿಗೊಮ್ಮೆ ಮುನ್ನೆಚ್ಚರಿಕೆಯ ಮಾತ್ರೆ ಕೊಡುತ್ತಾರೆ. ಕಾಯಿಲೆ ಬರುವ ಮೊದಲೇ. ಕಾರ್ಯಕರ್ತೆ ಮನೆ ಮುಂದೆ ಕೂತು ಮಾತ್ರೆಯನ್ನು ಒಂದಿಷ್ಟು ನೀರಿನಲ್ಲಿ ಕರಗಿಸಿ, ಮಗುವನ್ನು ಹತ್ತಿರ ಎಳೆದುಕೊಂಡು ತಾನೇ ಕುಡಿಸುತ್ತಿದ್ದಳು. ಕುಡಿಸಿ ಅರ್ಧ ಗಂಟೆ ಕಾಯುವುದು, ವಾಂತಿ ಮಾಡಿಕೊಂಡರೆ ಮತ್ತೆ ಕೊಡಬೇಕಲ್ಲ. ಇನ್ನೆರಡು ದಿನದ ಮಾತ್ರೆ ತಾಯಿಯ ಕೈಗೆ. ಕೋವಿಡ್ ಬಂದಾಗ ಇದನ್ನು ನಿಲ್ಲಿಸಲಿಲ್ಲ, ಸುಮ್ನೆ ಸ್ವಲ್ಪ ಬದಲಾಯಿಸಿದರು. ಕಾರ್ಯಕರ್ತೆ ಮಾಸ್ಕ್ ಹಾಕಿಕೊಂಡು ದೂರದಲ್ಲಿ ನಿಲ್ಲುವುದು, ತಾಯಿ ತನ್ನ ಮನೆಯ ಲೋಟದಲ್ಲಿ ತಾನೇ ಕರಗಿಸಿ ಕುಡಿಸುವುದು, ಇವಳು ನಿಂತಲ್ಲಿಂದಲೇ ಹೇಳಿಕೊಡುವುದು. ಅಷ್ಟೇ ಬದಲಾವಣೆ! 2019ರಲ್ಲಿ ಸುಮಾರು 2 ಕೋಟಿ 20 ಲಕ್ಷ ಮಕ್ಕಳಿಗೆ ತಲುಪಿದ್ದ ಈ ಮಾತ್ರೆ 2020ರಲ್ಲಿ 3 ಕೋಟಿ 30 ಲಕ್ಷ ದಾಟಿತು, 2021ರಲ್ಲಿ 4 ಕೋಟಿ 50 ಲಕ್ಷದ ಹತ್ತಿರ ಬಂತು. ಮಹಾಮಾರಿಯ ನಟ್ಟನಡುವೆ ಇದು ಹೆಚ್ಚಾಯಿತು, ಕಡಿಮೆಯಾಗಲಿಲ್ಲ. ನನಗೆ ಗೊತ್ತಿರುವ ಮಟ್ಟಿಗೆ ಈ ಸುದ್ದಿ ಯಾವ ಪತ್ರಿಕೆಯ ಮುಖಪುಟದಲ್ಲೂ ಬರಲಿಲ್ಲ.

ಕಿಟ್ಟಿನ ಕಥೆ ಬೇರೆ. ಮಲೇರಿಯಾದ ಕ್ಷಿಪ್ರ ಪರೀಕ್ಷೆಯ ಪಟ್ಟಿ ನೋಡಿದ್ದೀರಾ? ಒಂದು ಹನಿ ರಕ್ತ, ಮೇಲೆ ಕೆಲವು ತೊಟ್ಟು ದ್ರಾವಣ, ಹದಿನೈದು ಇಪ್ಪತ್ತು ನಿಮಿಷದಲ್ಲಿ ಒಂದು ಗೆರೆ ಅಥವಾ ಎರಡು ಗೆರೆ. ಕೋವಿಡ್‌ನ ಮನೆ ಪರೀಕ್ಷೆಯ ಪಟ್ಟಿಯೂ ಅದೇ ತಂತ್ರ, ಅದೇ ಪ್ಲಾಸ್ಟಿಕ್ ಡಬ್ಬಿ, ಒಳಗಿನ ಕಾಗದವೂ ಹೆಚ್ಚುಕಡಿಮೆ ಅದೇ. ಹಾಗಾಗಿ ಕೆಲವು ತಯಾರಕರು ಲಾಭ ಜಾಸ್ತಿ ಇರುವ ಕಡೆ ತಿರುಗಿದರು. ವ್ಯಾಪಾರ ಅಂದ ಮೇಲೆ ಅವರನ್ನು ಬೈದು ಪ್ರಯೋಜನ ಇಲ್ಲ. ಮಲೇರಿಯಾ ಕಿಟ್ಟಿಗೆ ಇಷ್ಟು ಪಾಲು ಇಟ್ಟಿರಬೇಕು ಎಂದು ಮೊದಲೇ ಕೊಳ್ಳುವವರು ಕರಾರು ಮಾಡಿಕೊಂಡಿರಬೇಕಿತ್ತು.

ಕ್ಲೋರೋಕ್ವಿನ್ ಗಲಾಟೆ ನಿಮಗೆಲ್ಲ ನೆನಪಿದೆ ಅಂದುಕೊಂಡಿದ್ದೇನೆ. ಹಳೇ ಮಲೇರಿಯಾ ಮಾತ್ರೆ ಒಂದೇ ವಾರದಲ್ಲಿ ಸಂಜೀವಿನಿ ಆಗಿಬಿಟ್ಟಿತು. ಅಮೆರಿಕದ ಅಧ್ಯಕ್ಷರೇ ಹೊಗಳಿದರು, ಅಲ್ಲಿನ ಔಷಧ ನಿಯಂತ್ರಣ ಸಂಸ್ಥೆ 2020ರ ಮಾರ್ಚ್ 28ರಂದು ತುರ್ತು ಅನುಮತಿ ಕೊಟ್ಟು ಜೂನ್ 15ರಂದು ವಾಪಸ್ ತೆಗೆದುಕೊಂಡಿತು. ಅದೇ ಜೂನ್‌ನಲ್ಲಿ ಬ್ರಿಟನ್ನಿನ ದೊಡ್ಡ ಪ್ರಯೋಗ, ಆಸ್ಪತ್ರೆ ಸೇರಿದ ಕೋವಿಡ್ ರೋಗಿಗಳಿಗೆ ಕ್ಲೋರೋಕ್ವಿನ್ ಬಳಗದ್ದೇ ಆದ ಹೈಡ್ರಾಕ್ಸಿಕ್ಲೋರೋಕ್ವಿನ್‌ನಿಂದ ಪ್ರಯೋಜನ ಇಲ್ಲ ಎಂದು ತೋರಿಸಿತು. ಈ ಮೂರು ತಿಂಗಳ ಜಾತ್ರೆಯಲ್ಲಿ ಪೆಟ್ಟು ಬಿದ್ದಿದ್ದು ಆ ಮಾತ್ರೆ ನಿಜವಾಗಿ ಬೇಕಾಗಿದ್ದವರಿಗೆ. ಲೂಪಸ್, ಕೀಲುವಾತ ಇದ್ದವರು ಹೈಡ್ರಾಕ್ಸಿಕ್ಲೋರೋಕ್ವಿನ್‌ಗೆ ಅಂಗಡಿ ಅಂಗಡಿ ಅಲೆದರು. ಫಾಲ್ಸಿಪಾರಂಗೆ ಕ್ಲೋರೋಕ್ವಿನ್ ಈಗ ಹೆಚ್ಚಿನ ಕಡೆ ನಾಟುವುದಿಲ್ಲ, ಆದರೆ ವೈವ್ಯಾಕ್ಸ್ ಎಂಬ ಇನ್ನೊಂದು ಜಾತಿಯ ಮಲೇರಿಯಾಕ್ಕೆ ಎಷ್ಟೋ ದೇಶಗಳಲ್ಲಿ ಇವತ್ತಿಗೂ ಮೊದಲು ಕೊಡುವುದು ಅದನ್ನೇ.

ಈಗ ಲೇಖನದ ಆ ಸಾಲಿಗೆ ಬರುತ್ತೇನೆ. 2020ರ ಏಪ್ರಿಲ್ 23ರಂದು ವಿಶ್ವ ಆರೋಗ್ಯ ಸಂಸ್ಥೆ ಒಂದು ಅಂದಾಜು ಹೊರಡಿಸಿತು. ಪರದೆ ಹಂಚುವ ಅಭಿಯಾನಗಳು ಪೂರ್ತಿ ನಿಂತರೆ, ಮಲೇರಿಯಾ ಔಷಧಿ ಸಿಗುವುದು ಮುಕ್ಕಾಲು ಪಾಲು ಕಡಿಮೆಯಾದರೆ, ಸಹಾರಾದ ದಕ್ಷಿಣದ ಆಫ್ರಿಕಾದಲ್ಲಿ ಆ ಒಂದೇ ವರ್ಷ 7 ಲಕ್ಷ 69 ಸಾವಿರ ಜನ ಸಾಯಬಹುದು. 2018ರಲ್ಲಿ ಅಲ್ಲಿ ಆಗಿದ್ದ ಸಾವಿನ ಎರಡು ಪಟ್ಟು. ಆ ವಾಕ್ಯದಲ್ಲಿ ಎರಡು ‘ರೆ’ ಇದ್ದವು, ಗಮನಿಸಿ. ನಿಂತರೆ. ಕಡಿಮೆಯಾದರೆ. ನಿಮ್ಮ ಲೇಖಕರು ‘ರೆ’ಗಳನ್ನು ಉದುರಿಸಿ ಸಂಖ್ಯೆಯನ್ನು ಮಾತ್ರ ಇಟ್ಟುಕೊಂಡರು. ಪೂರ್ತಿ ನಿಲ್ಲಲಿಲ್ಲ, ಯಾಕೆಂದರೆ ಈಗಷ್ಟೇ ಹೇಳಿದೆನಲ್ಲ, ಒಂದಷ್ಟು ಜನ ಪರದೆ ಹೊತ್ತುಕೊಂಡು ನಡೆದರು. ‘ಬ್ರೇಕ್ ಹಾಕದಿದ್ದರೆ ಬಸ್ಸು ಹಳ್ಳಕ್ಕೆ ಬೀಳುತ್ತೆ’ ಅಂತ ಕೂಗಿದ್ದು ಕೇಳಿ ಡ್ರೈವರ್ ಬ್ರೇಕ್ ಹಾಕಿದ. ಹಿಂದಿನ ಸೀಟಿನವರು ‘ನೋಡಿ, ಸುಮ್ನೆ ಕೂಗಾಡಿದ, ಬಸ್ಸು ಬೀಳಲೇ ಇಲ್ಲ’ ಅಂದರೆ ಹೇಗೆ?

‘ಹಾಗೇನೂ ಆಗಲಿಲ್ಲ’ ಅನ್ನುವುದೂ ಸರಿಯಲ್ಲ. ಆಗಿದ್ದು ಬೇಕಾದಷ್ಟಿದೆ. ವಿಶ್ವ ಆರೋಗ್ಯ ಸಂಸ್ಥೆಯ 2022ರ ಮಲೇರಿಯಾ ವರದಿಯ ಪ್ರಕಾರ 2019ರಲ್ಲಿ ಜಗತ್ತಿನಲ್ಲಿ ಮಲೇರಿಯಾದಿಂದ ಸತ್ತವರು 5 ಲಕ್ಷ 68 ಸಾವಿರ. 2020ರಲ್ಲಿ 6 ಲಕ್ಷ 25 ಸಾವಿರ. 2021ರಲ್ಲಿ 6 ಲಕ್ಷ 19 ಸಾವಿರ. ಮಹಾಮಾರಿಯಿಂದ ಸೇವೆಗಳಿಗೆ ಆದ ಅಡಚಣೆಯ ಲೆಕ್ಕಕ್ಕೇ ಆ ಎರಡು ವರ್ಷದಲ್ಲಿ 63 ಸಾವಿರ ಹೆಚ್ಚುವರಿ ಸಾವು, 1 ಕೋಟಿ 30 ಲಕ್ಷ ಹೆಚ್ಚುವರಿ ಕೇಸು. ಇವರಲ್ಲಿ ಯಾರೂ ಕೋವಿಡ್ ಪಟ್ಟಿಯಲ್ಲಿ ಇಲ್ಲ. ಯಾವ ದೇಶದ ಸಂಜೆಯ ಬುಲೆಟಿನ್‌ನಲ್ಲೂ ಇವರ ಸಂಖ್ಯೆ ಓದಲಿಲ್ಲ. 63 ಸಾವಿರ ಅಂದರೆ ಎರಡು ವರ್ಷದಲ್ಲಿ ದಿನಕ್ಕೆ 86 ಜೀವ, ಹೆಚ್ಚಿನವು ಹಾಲುಗಲ್ಲದ ಮಕ್ಕಳು. ಇದು ಬ್ರೇಕ್ ಹಾಕಿದ ಮೇಲೂ ಬಸ್ಸಿನಲ್ಲಿ ಪೆಟ್ಟಾದವರ ಲೆಕ್ಕ.

ಹಾಗಂತ ಎಲ್ಲವನ್ನೂ ಮಹಾಮಾರಿಯ ತಲೆಗೆ ಕಟ್ಟುವುದೂ ನನಗೆ ಒಪ್ಪಿಗೆ ಇಲ್ಲ. ಇತ್ತೀಚೆಗೆ ಕೆಲವರಿಗೆ ಅದೊಂದು ಅನುಕೂಲದ ನೆಪ ಆಗಿದೆ. 2000ದಿಂದ 2015ರವರೆಗೆ ಮಲೇರಿಯಾ ಚೆನ್ನಾಗಿ ಇಳಿಯಿತು, ಆಮೇಲೆ ಇಳಿಯುವುದು ನಿಧಾನವಾಯಿತು, ಹೆಚ್ಚುಕಡಿಮೆ ನಿಂತೇ ಹೋಯಿತು. ಆಗ ಯಾವ ಕೋವಿಡ್ ಇತ್ತು? ಇದ್ದದ್ದು ದುಡ್ಡಿನ ಕೊರತೆ. 2020ರಲ್ಲಿ ಮಲೇರಿಯಾ ಕೆಲಸಕ್ಕೆ ಬೇಕಿದ್ದದ್ದು 680 ಕೋಟಿ ಡಾಲರ್, ಸಿಕ್ಕಿದ್ದು 330 ಕೋಟಿ. ಅರ್ಧವೂ ಇಲ್ಲ. ಜೊತೆಗೆ ಪರದೆಯ ಔಷಧಿಗೆ ಬಗ್ಗದ ಸೊಳ್ಳೆ, ಮಾತ್ರೆಗೆ ಬಗ್ಗದ ಪರಾವಲಂಬಿ. ಮೊದಲೇ ಏದುಸಿರು ಬಿಡುತ್ತಿದ್ದವನ ಬೆನ್ನಿಗೆ ಮಹಾಮಾರಿ ಇನ್ನೊಂದು ಮೂಟೆ ಹೇರಿತು, ಅಷ್ಟೇ.

ಮಲೇರಿಯಾಕ್ಕೆ ಒಂದು ಕೆಟ್ಟ ಗುಣ ಇದೆ. ಕೈ ಸಡಿಲ ಬಿಟ್ಟರೆ ಇದ್ದಲ್ಲೇ ಇರುವುದಿಲ್ಲ, ಎದ್ದು ಬರುತ್ತದೆ. ಶ್ರೀಲಂಕಾದಲ್ಲಿ 1963ರಲ್ಲಿ ಇಡೀ ದೇಶಕ್ಕೆ 17 ಕೇಸು. ಹದಿನೇಳೇ! ಗೆದ್ದೆವು ಅಂತ ಸಿಂಪಡಣೆ ನಿಲ್ಲಿಸಿದರು, ನಿಗಾ ಸಡಿಲವಾಯಿತು. 1969ರ ಹೊತ್ತಿಗೆ ವರ್ಷಕ್ಕೆ 5 ಲಕ್ಷ ದಾಟಿತು. ಅಲ್ಲಿಂದ ಮತ್ತೆ ಮೇಲೆ ಬಂದು ಮಲೇರಿಯಾ ಮುಕ್ತ ಅನ್ನಿಸಿಕೊಳ್ಳಲು ಅವರಿಗೆ 2016ರವರೆಗೆ ಬೇಕಾಯಿತು. 1930ರ ದಶಕದಿಂದ ಈಚೆಗೆ ಬೇರೆ ಬೇರೆ ದೇಶಗಳಲ್ಲಿ ಮಲೇರಿಯಾ ಹೀಗೆ ಮರಳಿ ಬಂದ 75 ಪ್ರಸಂಗಗಳನ್ನು ಸಂಶೋಧಕರು ಒಟ್ಟು ಹಾಕಿ ನೋಡಿದ್ದಾರೆ. ಅದರಲ್ಲಿ 68ಕ್ಕೆ ಒಂದು ಕಾರಣ ನಿಯಂತ್ರಣದ ಕೆಲಸ ಸಡಿಲವಾದದ್ದೇ. ಯಾಕೆ ಹೀಗೆ ಅಂದರೆ, ಮಲೇರಿಯಾ ಇರುವ ಕಡೆ ಬೆಳೆದವರಿಗೆ ಪದೇ ಪದೇ ಕಚ್ಚಿಸಿಕೊಂಡು ಒಂದಿಷ್ಟು ತಡೆಯುವ ಶಕ್ತಿ ಬಂದಿರುತ್ತದೆ. ನಾಲ್ಕಾರು ವರ್ಷ ಮಲೇರಿಯಾ ಕಡಿಮೆ ಮಾಡಿದರೆ ಆ ಶಕ್ತಿಯೂ ಹೋಗುತ್ತದೆ, ಹೊಸದಾಗಿ ಹುಟ್ಟಿದವರಿಗೆ ಬಂದೇ ಇರುವುದಿಲ್ಲ. ಆಗ ಪರದೆಯನ್ನೂ ಕಿತ್ತುಕೊಂಡರೆ ಮೊದಲಿಗಿಂತ ಕೆಟ್ಟ ಸ್ಥಿತಿ.

ಅದೇ ಹೊತ್ತಿಗೆ, ಕೋವಿಡ್‌ನ ನಡುವೆಯೇ, ಎಲ್ ಸಾಲ್ವಡಾರ್ 2021ರ ಫೆಬ್ರುವರಿಯಲ್ಲಿ, ಚೀನಾ ಜೂನ್‌ನಲ್ಲಿ ಮಲೇರಿಯಾ ಮುಕ್ತ ಪ್ರಮಾಣಪತ್ರ ಪಡೆದವು. ಚೀನಾದವರ ಪದ್ಧತಿಗೆ 1-3-7 ಅಂತ ಹೆಸರು: ಒಂದು ದಿನದಲ್ಲಿ ಕೇಸು ವರದಿ, ಮೂರು ದಿನದೊಳಗೆ ಎಲ್ಲಿಂದ ಬಂತು ಅಂತ ತನಿಖೆ, ಏಳು ದಿನದೊಳಗೆ ಆ ಜಾಗದಲ್ಲಿ ಕ್ರಮ. ಅಂದರೆ ಒಂದೊಂದೇ ಸ್ಲೈಡಿಗೂ ಅಲ್ಲಿ ಬೆಲೆ ಇತ್ತು. ಹೊಟ್ಟೆಕಿಚ್ಚು ಪಟ್ಟೆ, ಸುಳ್ಳು ಹೇಳುವುದಿಲ್ಲ.

ಸಂಪಾದಕರೇ, ಸರಕಾರಗಳಿಗೆ ಸಲಹೆ ಕೊಡುವಷ್ಟು ದೊಡ್ಡವನು ನಾನಲ್ಲ. ಮಹಾಮಾರಿ ಬಂದರೂ ಯಾವ ಕೆಲಸ ನಿಲ್ಲಬಾರದು ಅನ್ನುವ ಪಟ್ಟಿಯಲ್ಲಿ ಮಲೇರಿಯಾ ಪರೀಕ್ಷೆಯನ್ನೂ ಪರದೆಯನ್ನೂ ಬರೆದಿಡಿ, ಬೆರಳು ಚುಚ್ಚುವವರಿಗೆ ಮಾಸ್ಕು ಗ್ಲೌಸು ಮೊದಲ ದಿನವೇ ಕೊಡಿ, ಮೈಕ್ರೋಸ್ಕೋಪ್ ನೋಡುವವರಲ್ಲಿ ಅರ್ಧ ಜನರನ್ನಾದರೂ ಅಲ್ಲೇ ಬಿಡಿ ಅಂತ ಅವರಿಗೆ ಹೇಳಬೇಕಾದವರು ಹೇಳುತ್ತಾರೆ. ನಾನು ಕೇಳುತ್ತಿರುವುದು ನಿಮ್ಮನ್ನು, ಎರಡೇ ಎರಡು. ಮುಂದೆ ಯಾವತ್ತಾದರೂ ‘ಜ್ವರ ಬಂದರೆ ಮನೆಯಲ್ಲೇ ಇರಿ’ ಅಂತ ದಪ್ಪ ಅಕ್ಷರದಲ್ಲಿ ಅಚ್ಚು ಹಾಕುವ ದಿನ ಬಂದರೆ, ಅದೇ ದಪ್ಪ ಅಕ್ಷರದಲ್ಲಿ, ಅದೇ ಸಾಲಿನ ಕೆಳಗೆ, ‘ಮಲೇರಿಯಾ ಇರುವ ಜಾಗದಲ್ಲಿದ್ದರೆ 24 ಗಂಟೆಯೊಳಗೆ ರಕ್ತ ಪರೀಕ್ಷೆ ಮಾಡಿಸಿ’ ಅಂತಲೂ ಹಾಕಿ. ಒಳಪುಟದಲ್ಲಿ ಬೇಡ. ಮತ್ತೆ, ಯಾರಾದರೂ ‘ಮಲೇರಿಯಾ ಇಳಿಕೆ’ ಅಂತ ಪ್ರಕಟಣೆ ಕಳಿಸಿದರೆ ಅಚ್ಚು ಹಾಕುವ ಮೊದಲು ಒಂದು ಫೋನ್ ಮಾಡಿ, ಈ ಬಾರಿ ಎಷ್ಟು ಜನರ ರಕ್ತ ನೋಡಿದಿರಿ, ಕಳೆದ ಬಾರಿ ಎಷ್ಟು ನೋಡಿದ್ದಿರಿ ಅಂತ ಕೇಳಿ. ಎರಡೂ ಸಂಖ್ಯೆ ಪಕ್ಕಪಕ್ಕ ಹಾಕಿ. ನಾನು ಆ ದಿನ ಫೋನಿನಲ್ಲಿ ‘ಹೌದು ಸಾರ್’ ಅನ್ನುವ ಬದಲು ಹೇಳಬೇಕಾಗಿದ್ದದ್ದು ಅದನ್ನೇ.

ಇನ್ನೊಂದು ಸಣ್ಣ ವಿಷಯ, ಪತ್ರಕ್ಕೆ ಸಂಬಂಧ ಇದ್ದೂ ಇಲ್ಲದ ಹಾಗೆ. ಆ ಲೇಖನದ ಜೊತೆ ಹಾಕಿದ್ದ ಸೊಳ್ಳೆಯ ಚಿತ್ರದಲ್ಲಿ ಕಾಲಿನ ಮೇಲೆ ಬಿಳಿ ಪಟ್ಟೆ ಇತ್ತು. ಅದು ಈಡಿಸ್, ಡೆಂಗಿ ಹರಡುವುದು. ಮಲೇರಿಯಾದ ಅನಾಫಿಲಿಸ್ ಕೂತಾಗ ತಲೆ ತಗ್ಗಿಸಿ ಹಿಂಭಾಗ ಮೇಲಕ್ಕೆ ಎತ್ತಿರುತ್ತದೆ, ಗೋಡೆಗೆ ಓರೆಯಾಗಿ ಮೊಳೆ ಹೊಡೆದ ಹಾಗೆ. ಮುಂದಿನ ಸಲ ನೋಡಿ ಹಾಕಿ.

ಇಂತಿ,
ನಿಮ್ಮ ಹಳೇ ಓದುಗ, ನಿವೃತ್ತ ಲ್ಯಾಬ್ ಟೆಕ್ನೀಶಿಯನ್